ಬೆನ್ನಿಗೆ ಹವಾ

ಅಂಬಣ್ಣ ಊದಿನಕಡ್ಡಿ ಹಚ್ಚುತ್ತಿದ್ದುದು ದೇವರಿಗಲ್ಲ. ಬೆಳಿಗ್ಗೆ ಎಂಟು ಗಂಟೆಗೆ ಆಸ್ಪತ್ರೆಯ ಪಡಸಾಲೆಯ ಕಟ್ಟಕಡೆಯ ಕೋಣೆಗೆ ಹೋಗಿ, ಅದರ ನಟ್ಟನಡುವೆ ನಿಂತು, ಕಡ್ಡಿಯನ್ನು ಎದೆಯ ಮಟ್ಟಕ್ಕೆ ಹಿಡಿದು, ಹೊಗೆ ಯಾವ ಕಡೆಗೆ ಬಾಗುತ್ತದೆಂಬುದನ್ನು ಉಸಿರು ಬಿಗಿಹಿಡಿದು ನೋಡುತ್ತಿದ್ದ. ಹೊಗೆ ಬಾಗಿಲಿನಿಂದ ಪಶ್ಚಿಮದ ಕಿಟಕಿಯತ್ತ ಹರಿದರೆ ರೋಗಿಯ ಸ್ಟೂಲನ್ನು ಕಿಟಕಿಗೆ ತಾಗಿಸಿ ಇಡುತ್ತಿದ್ದ. ನರ್ಸು ನಿಲ್ಲಬೇಕಾದ ಜಾಗವನ್ನು ಬಾಗಿಲಿನ ಬದಿಗೆ, ನೆಲದ ಮೇಲೆ ಸೀಮೆಸುಣ್ಣದಿಂದ ಗೆರೆಯೆಳೆದು ತೋರಿಸುತ್ತಿದ್ದ. ಹೊಗೆ ದಿಕ್ಕು ಬದಲಿಸಿ ಕಿಟಕಿಯಿಂದ ಒಳಕ್ಕೆ ಬಂದರೆ ಆ ದಿನ ಕೋಣೆಯಲ್ಲಿ ಕೆಲಸವಿಲ್ಲ. ಸ್ಟೂಲು, ಮಷೀನು, ರೋಗಿ ಎಲ್ಲವೂ ಹಿತ್ತಲಿನ ಬೇವಿನ ಮರದ ಕೆಳಗೆ ಹೋಗುತ್ತಿದ್ದವು.

ಚಿಮ್ಮನಚೋಡದ ಪ್ರೌಢಶಾಲೆಯಲ್ಲಿ ಹದಿನಾಲ್ಕು ವರ್ಷ ಕನ್ನಡ ಕಲಿಸಿದ ಮೇಲೆ, ಶಾಲೆ ಮುಚ್ಚಿದ ಕಾರಣಕ್ಕೆ, ನಾನು ಈ ಆಸ್ಪತ್ರೆಯ ಕಚೇರಿ ಅಧೀಕ್ಷಕನಾಗಿ ಬಂದ ಹೊಸದು. ವಾಡಿ ಮತ್ತು ಶಹಾಬಾದಗಳ ನಡುವಣ ರಸ್ತೆಯಲ್ಲಿ, ಕಲ್ಲುಗಣಿಗಳ ಜನರಿಗಾಗಿ ಒಂದು ಟ್ರಸ್ಟು ನಡೆಸುತ್ತಿದ್ದ ನಲವತ್ತು ಹಾಸಿಗೆಗಳ ಆಸ್ಪತ್ರೆ ಅದು. ಕೆಲಸದ ವೇಳೆಯಲ್ಲಿ ಪೂಜೆ ಮಾಡುವುದು ಶಿಸ್ತಿಗೆ ವಿರುದ್ಧವೆಂದು ಭಾವಿಸಿ, ಮೊದಲ ವಾರದಲ್ಲಿಯೇ ಅವನನ್ನು ತಡೆದು ಕೇಳಿದೆ.

“ಯಾಕಪಾ ಅಂಬಣ್ಣ, ಈ ಖೋಲ್ಯಾಗ ಯಾ ದೇವರದ?”

“ಇಲ್ಲಿ ದೇವ್ರಿಲ್ರಿ ಸರ,” ಎಂದ, ಹೊಗೆಯಿಂದ ಕಣ್ಣು ಕೀಳದೆ. “ಅದಕ್ಕೇ ನಾನೇ ನೋಡ್ಕೊಬೇಕಾಗ್ಯದ.”

ಆ ಕೋಣೆಯಲ್ಲಿ ನಡೆಯುತ್ತಿದ್ದುದು ಕಣ್ಣಿಗೆ ಸಣ್ಣ ಕೆಲಸ. ಕ್ಷಯವಿರಬಹುದೆಂದು ಶಂಕೆಯಿರುವ, ಆದರೆ ಕಫ ಹೊರಬಾರದ ರೋಗಿಗಳಿಗೆ ಉಪ್ಪುನೀರಿನ ಆವಿಯನ್ನು ಮಷೀನಿನಿಂದ ಕೊಟ್ಟು ಕೆಮ್ಮಿಸಬೇಕು. ಕೆಮ್ಮಲೂ ತ್ರಾಣವಿಲ್ಲದವರ ಗಂಟಲಿಗೆ ನಳಿಕೆ ಇಳಿಸಿ ಹೀರಬೇಕು. ರಾವೂರಿನ ಗಣಿಗಳಲ್ಲಿ ಕಲ್ಲು ಒಡೆದವರು, ಶಹಾಬಾದದ ಪಾಲಿಶ್ ಮಷೀನುಗಳ ಮುಂದೆ ಕುಳಿತು, ಕಲ್ಲಿನ ಧೂಳು ಕುಡಿದು ಎದೆಯನ್ನು ಕಲ್ಲಾಗಿಸಿಕೊಂಡವರು ಸರದಿಯಲ್ಲಿ ಬರುತ್ತಿದ್ದರು. ರೋಗಿಯ ತಲೆ ಹಿಡಿಯುವವನು ಅಂಬಣ್ಣ. ಅಂದರೆ, ಕೆಮ್ಮು ಹೊರಬೀಳುವ ಬಾಯಿಗೆ ಒಂದು ಮೊಳದ ಅಂತರದಲ್ಲಿ ಇರುತ್ತಿದ್ದ ಏಕೈಕ ಮುಖ ಅವನದು. ನೇಮಕಾತಿ ಪತ್ರದಲ್ಲಿ ಅವನ ಕೆಲಸವನ್ನು ‘ಸ್ವಚ್ಛತೆ ಹಾಗೂ ಇತರೆ’ ಎಂದು ಬರೆಯಲಾಗಿತ್ತು. ಇದೆಲ್ಲವೂ ಆ ‘ಇತರೆ’ಯಲ್ಲಿ ಅಡಗಿತ್ತು.

ಅವನು ಕಾಗಿಣಾ ದಂಡೆಯ ಅಂಬಿಗರ ಮನೆಯವನು. ತಂದೆ ಹರಿಗೋಲು ಹಾಕುತ್ತಿದ್ದ; ಇವನೂ ಮೀಸೆ ಚಿಗುರುವ ಮೊದಲೇ ಹುಟ್ಟು ಹಿಡಿದವನು. ಸೇತುವೆಯಾದ ಮೇಲೆ ಹರಿಗೋಲನ್ನು ಯಾರೂ ಕರೆಯದಾದರು. ಅದನ್ನು ಮನೆಯ ಹಿಂದೆ ಬೋರಲು ಹಾಕಿ, ಅದರ ಕೆಳಗೆ ಕೋಳಿ ಮುಚ್ಚುತ್ತಿದ್ದರು. ಓದು ಬರಹ ಬಾರದು. ಆದರೆ ಗಾಳಿಯ ವಿಷಯದಲ್ಲಿ ಅವನಷ್ಟು ಓದಿದವರನ್ನು ನಾನು ಕಂಡಿಲ್ಲ. “ಹವಾ ಕೇಳದ ಹುಟ್ಟ ಹಾಕಬಾರ್ದಂತ ನಮ್ಮಪ್ಪ ಹೇಳ್ತಿದ್ದ,” ಎನ್ನುತ್ತಿದ್ದ. ಹೊಸದಾಗಿ ಬಂದ ನರ್ಸುಗಳಿಗೆ ಅವನು ಕಲಿಸುತ್ತಿದ್ದ ಪಾಠವೂ ಒಂದೇ: “ಬೆನ್ನಿಗಿ ಹವಾ, ಎದುರಿಗಿ ಪೇಷಂಟ, ಪೇಷಂಟಿನ ಹಿಂದ ಕಿಡಕಿ. ಇದು ತಿರುವುಮುರುವು ಆದ್ರ, ಅಕ್ಕೋರ, ಕೆಲಸ ಬಿಟ್ಟು ಓಡ್ರಿ. ಬೈದ್ರ ನನ್ನ ಹೆಸರು ಹೇಳ್ರಿ.”

ಡಾಕ್ಟರ್ ನಸ್ರೀನ್ ಕಲಬುರಗಿಯಿಂದ ನಮ್ಮಲ್ಲಿಗೆ ಬಂದಾಗ ಮೊದಲ ದಿನವೇ ಊದಿನಕಡ್ಡಿಯ ಮೇಲೆ ಹರಿಹಾಯ್ದರು. ಅವರ ಸಿಟ್ಟು ನ್ಯಾಯವಾದದ್ದೇ. ಮೂಲೆಯಲ್ಲಿ ಆಮ್ಲಜನಕದ ಸಿಲಿಂಡರು ಇತ್ತು.

“ಅರೇ ಅಂಬಣ್ಣ! ಸಿಲಿಂಡರ್ ಬಾಜೂಕ ಬೆಂಕಿ ಹಚ್ಕೊಂಡು ನಿಂತೀಯಲ್ಲ! ಎಲ್ಲಾರ್ನೂ ಒಮ್ಮೇ ಮ್ಯಾಲ ಕಳಸ್ಬೇಕಂತ ಮಾಡೀಯೇನು?”

“ಯಾರೂ ಮ್ಯಾಲ ಹೋಗಬಾರ್ದಂತನೇ ಹಚ್ಚೀನ್ರಿ ಮೇಡಮ್ಮೋರ.”

ನಾನು ಆ ಮಧ್ಯಾಹ್ನವೇ ಜ್ಞಾಪನಾ ಪತ್ರ ಹೊರಡಿಸಿ ಊದಿನಕಡ್ಡಿಯನ್ನು ನಿಷೇಧಿಸಿದೆ. ಮರುದಿನ ಬೆಳಿಗ್ಗೆ ಅಂಬಣ್ಣ ಅದೇ ಜಾಗದಲ್ಲಿ, ಅದೇ ಭಂಗಿಯಲ್ಲಿ ನಿಂತಿದ್ದ. ಕೈಯಲ್ಲಿ ಪೊರಕೆಯ ಹಂಚಿಕಡ್ಡಿ, ಅದರ ತುದಿಗೆ ಡ್ರೆಸ್ಸಿಂಗಿನ ಅರಳೆಯಿಂದ ಬಿಡಿಸಿದ, ಜೇಡನ ನೂಲಿನಷ್ಟು ತೆಳ್ಳಗಿನ ಒಂದು ಎಳೆ. ಎಳೆ ಕಿಟಕಿಯತ್ತ ತೇಲುತ್ತಿತ್ತು. ಡಾಕ್ಟರು ಬಾಗಿಲಲ್ಲಿ ನಿಂತು ಬಹಳ ಹೊತ್ತು ನೋಡಿದರು. ಆಮೇಲೆ ಒಳಗೆ ಹೋಗಿ, ಅವನು ಎಳೆದಿದ್ದ ಸೀಮೆಸುಣ್ಣದ ಗೆರೆಯ ಮೇಲೆ ತಾವೇ ನಿಂತರು.

“ಸಾಹೇಬ್ರ,” ಎಂದರು ಸಂಜೆ ನನ್ನ ಕಚೇರಿಗೆ ಬಂದು, “ಇದಕ್ಕಂತ ದೊಡ್ಡ ಆಸ್ಪತ್ರ್ಯಾಗ ಮಷೀನ್ ಇರ್ತಾವ. ನಮ್ಮಲ್ಲಿ ಅಂಬಣ್ಣ ಇದ್ದಾನ. ಅವನ ಮ್ಯಾಲ ಮತ್ತ ಮೆಮೋ ಗಿಮೋ ಕಳಸ್ಬ್ಯಾಡ್ರಿ.”

ಕೊರೋನಾ ಬಂತು. ಆಗ ಎಲ್ಲರಿಗೂ ಗಾಳಿಯ ಭಯ ಹುಟ್ಟಿತು. ಪೆಟ್ಟಿಗೆಗಟ್ಟಲೆ ದಪ್ಪ ಮಾಸ್ಕುಗಳು ಬಂದವು. ಅವುಗಳನ್ನು ತೊಡುವ ಕ್ರಮವನ್ನು ಡಾಕ್ಟರು ಎಲ್ಲರಿಗೂ ಕಲಿಸಿದರು. ಅಂಬಣ್ಣನ ಸರದಿ ಬಂದಾಗ ತಲೆಯಲ್ಲಾಡಿಸಿದರು. ಅವನ ಮೀಸೆ ನಮ್ಮ ಸೀಮೆಯಲ್ಲಿಯೇ ಹೆಸರಾದದ್ದು. ಕೆನ್ನೆ ದಾಟಿ ಕಿವಿಯತ್ತ ಸಾಗುತ್ತಿತ್ತು. ಮಾಸ್ಕಿನ ಅಂಚು ಚರ್ಮಕ್ಕೆ ಕೂರದೆ ಕೂದಲಿನ ಮೇಲೆ ನಿಲ್ಲುತ್ತದೆ, ಆ ಸಂದಿಯಿಂದ ಗಾಳಿ ನುಗ್ಗುತ್ತದೆ ಎಂದು ಅವರು ಹೇಳಿದರು. ಅಂಬಣ್ಣ ಮನೆಗೆ ಹೋದ.

ನಮ್ಮ ಕಡೆ ಗಂಡಸು ಪೂರ್ತಿ ಮೀಸೆ ಬೋಳಿಸುವುದು ಹೆತ್ತವರು ಸತ್ತಾಗ. ಮರುದಿನ ಅವನು ಬರಿಯ ಮೂತಿಯಲ್ಲಿ ಬಸ್ಸಿಳಿದಾಗ ಚಹಾದಂಗಡಿಯವನು ಎದ್ದು ನಿಂತು ಕೈಮುಗಿದನಂತೆ.

“ಯಾರ್ ಹೋದ್ರಪಾ ಅಂಬಣ್ಣ?”

“ಯಾರೂ ಹೋಗಿಲ್ಲೋ ಮಾರಾಯ. ಹೋಗಬಾರ್ದಂತ ಮೊದ್ಲೇ ತೆಗದೀನಿ.”

ಇದನ್ನು ಅವನು ನಗುತ್ತಲೇ ನಮಗೆಲ್ಲ ಹೇಳಿದ. ಆದರೆ ಅವನ ಹೆಂಡತಿ ದೇವಕ್ಕ ಮೂರು ದಿನ ಅವನ ಎದುರಿಗೆ ಕುಳಿತು ಊಟ ಮಾಡಲಿಲ್ಲವೆಂಬುದು ನನಗೆ ತಿಳಿದದ್ದು ಬಹಳ ತಡವಾಗಿ. ಎರಡು ವರ್ಷ ಕಳೆದು, ಮಾಸ್ಕುಗಳು ಎಲ್ಲರ ಮುಖಗಳಿಂದ ಜಾರಿ ಕೊರಳಿಗೆ, ಕೊರಳಿನಿಂದ ಕಸದ ಬುಟ್ಟಿಗೆ ಹೋದ ಮೇಲೂ ಅಂಬಣ್ಣ ಮೀಸೆ ಬಿಡಲಿಲ್ಲ. ಕೇಳಿದರೆ, “ಕೊರೋನಾ ಹ್ವಾದ್ರ ಟೀಬಿ ಹ್ವಾತೇನ್ರಿ? ಅದು ನಮ್ಮ ಖಾಸ್ ಮಂದಿ, ಮನಿ ಬಿಟ್ಟು ಹೋಗಲ್ಲ,” ಎನ್ನುತ್ತಿದ್ದ.

ಇಲ್ಲಿಯವರೆಗೆ ಬರೆದದ್ದು ಅಂಬಣ್ಣನ ಕುರಿತು. ಇನ್ನು ಮುಂದಿನದು ನನ್ನ ಕುರಿತೂ ಹೌದು. ಬಿಟ್ಟು ಬರೆಯಲು ಬರುವುದಿಲ್ಲ.

ಆಸ್ಪತ್ರೆಗೆ ಒಂದು ಪ್ರಮಾಣಪತ್ರ ಬೇಕಾಗಿತ್ತು. ಅದಕ್ಕಾಗಿ ತಪಾಸಣಾ ತಂಡವೊಂದು ಬರುವುದಿತ್ತು. ಡಾಕ್ಟರ್ ನಸ್ರೀನ್ ಹೆರಿಗೆಯ ರಜೆಯ ಮೇಲಿದ್ದರು. ಅವರ ಬದಲಿಗೆ ವಾರಕ್ಕೆರಡು ದಿನ ಸೇಡಂನಿಂದ ಒಬ್ಬರು ಬಂದು, ಸಹಿ ಮಾಡಿ ಹೋಗುತ್ತಿದ್ದರು. ಟ್ರಸ್ಟಿನ ಅಧ್ಯಕ್ಷರು ನನ್ನನ್ನು ಕರೆಸಿದರು. ಅವರು ಕಲ್ಲು ಪಾಲಿಶ್ ಮಾಡುವ ಘಟಕದ ಮಾಲೀಕರು, ದಾನಿಗಳು, ಮಾತಿನಲ್ಲಿ ಮೃದು.

“ಮಾಸ್ತರ್, ತಪಾಸಣಿ ಮಂದಿ ಟೇಬಲ್ ಮ್ಯಾಲ ಬೆರಳ ಎಳದು ನೋಡ್ತಾರಂತ. ಬೆರಳಿಗಿ ಒಂದು ಕಣ ಹತ್ತಬಾರ್ದು.”

ನಮ್ಮ ಊರುಗಳಲ್ಲಿ ಕಿಟಕಿ ತೆರೆದರೆ ಏನು ಬರುತ್ತದೆಂಬುದನ್ನು ಇಲ್ಲಿಯವರಿಗೆ ವಿವರಿಸಬೇಕಿಲ್ಲ. ಆದಿತ್ಯನಗರದಲ್ಲಿ, ಸಿಮೆಂಟು ಕಾರ್ಖಾನೆಯ ಬದಿಗೆ, ಒಣಹಾಕಿದ ಸೀರೆ ಸಂಜೆಗೆ ಬೂದಿಬಣ್ಣವಾಗುತ್ತದೆ. ವಾಡಿಯಲ್ಲಿ ಹಾಲಿನ ಪಾತ್ರೆಗೆ ಎರಡು ಮುಚ್ಚಳ. ಆದ್ದರಿಂದ ಕಿಟಕಿ ಮುಚ್ಚುವುದು ನಮಗೆ ಮೈಗೂಡಿದ ಶುಚಿತ್ವ. ಮುಚ್ಚುವುದು ಎಂದರೆ ಗಾಜು ಹಾಕುವುದಲ್ಲ. ಹೊಸ್ತಿಲು, ಕಪಾಟು, ಚರಂಡಿ, ಗೋರಿ ಎಲ್ಲದಕ್ಕೂ ನಮ್ಮಲ್ಲಿ ಇರುವುದು ಪರ್ಸಿ. ನೆಲದಿಂದ ಹಾಳೆ ಹಾಳೆಯಾಗಿ ಎಬ್ಬಿಸುವ ಈ ಕಲ್ಲಿನಿಂದ ನಾವು ಕಂಡ ಕಂಡ ತೂತನ್ನೆಲ್ಲ ಮುಚ್ಚುತ್ತೇವೆ. ನಾನು ಕಟ್ಟಡವನ್ನೆಲ್ಲ ಸುತ್ತಿ, ಧೂಳು ಬರುವ ಜಾಗಗಳ ಪಟ್ಟಿ ಮಾಡಿದೆ. ಹನ್ನೊಂದನೆಯದು ಹೀಗಿತ್ತು: ‘ಕಫ ಪರೀಕ್ಷಾ ಕೊಠಡಿಯ ಪಶ್ಚಿಮದ ಕಿಟಕಿಯನ್ನು ಶಾಶ್ವತವಾಗಿ ಮುಚ್ಚಿ, ಹವಾನಿಯಂತ್ರಕವನ್ನು ಅಳವಡಿಸುವುದು ಸೂಕ್ತ.’ ತಿದ್ದಲು ಏನೂ ಇರದ ವಾಕ್ಯ. ಅಧ್ಯಕ್ಷರು ಓದಿ, ಕಲ್ಲು ತಾವೇ ಕೊಡುವುದಾಗಿ ಹೇಳಿದರು.

ಸುದ್ದಿ ತಿಳಿದ ಗಳಿಗೆಯಲ್ಲಿಯೇ ಅಂಬಣ್ಣ ನನ್ನ ಕಚೇರಿಗೆ ಬಂದ. ಕುಂದ್ರು ಎಂದರೆ ಕೂಡಲಿಲ್ಲ.

“ಸರ, ಕಿಡಕಿ ಮುಚ್ಚಸ್ಬ್ಯಾಡ್ರಿ.”

“ಧೂಳ ಬರ್ತದಲ್ಲಪಾ.”

“ಬರ್ಲಿ ಬಿಡ್ರಿ. ದಿನಾ ನಾಕು ಸಲ ಒರಸ್ತೀನಿ, ಬೇಕಾದ್ರ ಹತ್ತು ಸಲ. ಧೂಳ ಕಣ್ಣಿಗಿ ಕಾಣ್ತದ, ಒರಸ್ಲಿಕ್ಕ ಬರ್ತದ. ಕೆಮ್ಮಿನ್ಯಾಗಿಂದು ಯಾ ಅರಬೀಲೆ ಒರಸ್ಲಿ?”

“ಎ.ಸಿ. ಹಾಕ್ಸಲಿಕತ್ತಾರ. ಥಂಡಗ ಇರ್ತದ. ನಿನಗೇ ಚಲೋ.”

“ಅದು ಒಳಗಿನ ಹವಾ ಒಳಗೇ ತಿರಗಸ್ತದ್ರಿ. ಹೊಳ್ಯಾಗ ಸುಳಿ ನೋಡೀರೇನು? ನೀರು ಓಡಾಡಿದಂಗೇ ಕಾಣ್ತದ. ಮುಂದ ಹೋಗಲ್ಲ. ಮನಷ್ಯಾನ ಎಳಕೋತದ.”

“ನೀ ಏನು ಡಾಕ್ಟರೇನು?” ಎಂದೆ. ಈ ಮಾತನ್ನು ನಾನು ಆಡಿದೆ.

“ಅಲ್ರಿ. ಆದ್ರ ಆ ಖೋಲ್ಯಾಗ ನಿಂದ್ರಾಂವ ನಾನು.” ದನಿ ತಗ್ಗಿಸಿ ಹೇಳಿದ: “ನನ್ನ ತಕರಾರು ಒಂದು ಹಾಳಿ ಮ್ಯಾಲ ಬರಕೊಡ್ರಿ ಸರ. ನಿಮ್ಮಂಗ ಯಾರಿಗಿ ಬರೀಲಿಕ್ಕ ಬರ್ತದ? ನಾ ಹೆಬ್ಬಟ್ಟ ಒತ್ತತೀನಿ. ಮೇಡಮ್ಮೋರು ಬರೋತನಕ ಅದು ಫೈಲಿನ್ಯಾಗ ಇರ್ಲಿ, ಸಾಕು.”

ಒಂದು ಹಾಳೆ. ಹತ್ತು ನಿಮಿಷದ ಕೆಲಸ. ಊರಿನ ಅರ್ಧ ಜನರ ಅರ್ಜಿಗಳನ್ನು ನಾನು ಬರೆದುಕೊಟ್ಟಿದ್ದೇನೆ. ಆದರೆ ಪಟ್ಟಿ ನನ್ನದು. ಅದರ ಮೇಲಿನ ಆಕ್ಷೇಪವನ್ನೂ ನಾನೇ ಬರೆಯುವುದು ಕ್ರಮವಲ್ಲವೆಂದು ನನಗೆ ತೋರಿತು. ಗುತ್ತಿಗೆ ನೌಕರರ ಆಕ್ಷೇಪಣೆಗೆ ನಮ್ಮಲ್ಲಿ ನಮೂನೆ ಇಲ್ಲವೆಂದು ಹೇಳಿದೆ. ಅದು ಸುಳ್ಳಲ್ಲ, ನಿಜವಾಗಿಯೂ ಇರಲಿಲ್ಲ. ಅಂಬಣ್ಣ ತನ್ನ ಹೆಬ್ಬೆರಳನ್ನೊಮ್ಮೆ ನೋಡಿಕೊಂಡು, “ಆತ್ರಿ,” ಎಂದು ಹೋದ.

ನಾಲ್ಕು ದಿನಗಳಲ್ಲಿ ಕಿಟಕಿಯ ಜಾಗದಲ್ಲಿ ಕನ್ನಡಿಯಂತೆ ಹೊಳೆಯುವ ಪರ್ಸಿ ಬಂದು ಕೂತಿತು. ಅದರ ಮೇಲೆ ಅಧ್ಯಕ್ಷರ ದಿವಂಗತ ತಂದೆಯವರ ಹೆಸರು, ಅದರ ಕೆಳಗೆ ಸೇವೆಯ ಮಹತ್ವವನ್ನು ಸಾರುವ ಎರಡು ಸಾಲು. ಆ ಎರಡು ಸಾಲುಗಳನ್ನು ರಚಿಸಿದವನು ನಾನು. ಬಾಗಿಲಿಗೆ ಅಂಟಿಸಿದ ಸೂಚನೆಯೂ ನನ್ನದೇ: ‘ಬಾಗಿಲನ್ನು ಸದಾ ಮುಚ್ಚಿಡತಕ್ಕದ್ದು.’ ತಪಾಸಣಾ ತಂಡದವರು ಬಂದರು, ಟೇಬಲ್ಲಿನ ಮೇಲೆ ಬೆರಳೆಳೆದರು, ಬೆರಳನ್ನು ಬೆಳಕಿಗೆ ಹಿಡಿದು ನೋಡಿದರು. ಏನೂ ಹತ್ತಿರಲಿಲ್ಲ. ಪ್ರಮಾಣಪತ್ರ ಬಂತು. ಅದನ್ನು ಪಡಸಾಲೆಯಲ್ಲಿ ತೂಗುಹಾಕಲು ಮೊಳೆ ಹೊಡೆದವನು ಅಂಬಣ್ಣ.

ಅರಳೆಯ ಎಳೆಯನ್ನು ಅವನು ಆಮೇಲೆ ಕೈಯಲ್ಲಿ ಹಿಡಿಯಲಿಲ್ಲ. ಛಾವಣಿಯ ಕೊಕ್ಕೆಗೆ ಕಟ್ಟಿಬಿಟ್ಟಿದ್ದ. ಎ.ಸಿ. ಹಚ್ಚಿದಾಗ ಅದು ತನ್ನ ಸುತ್ತ ತಾನೇ ಸುತ್ತುತ್ತಿತ್ತು. ಆರಿಸಿದಾಗ ಸತ್ತ ಹಾವಿನಂತೆ ನೇರವಾಗಿ ಜೋತುಬೀಳುತ್ತಿತ್ತು. ನೆಲದ ಮೇಲೆ ಸೀಮೆಸುಣ್ಣದ ಗೆರೆ ಮತ್ತೆ ಕಾಣಲಿಲ್ಲ. ಎಲ್ಲಿ ಎಳೆಯಬೇಕು? ಮಷೀನು ಶುರುವಾಗುವ ಹೊತ್ತಿಗೆ ಅವನು ನರ್ಸನ್ನು ಹೊರಗೆ ಕಳಿಸುತ್ತಿದ್ದ. “ಅಕ್ಕೋರ, ನೀವು ಹೊರಗ ನಿಂದ್ರಿ. ಸಣ್ಣ ಸಣ್ಣ ಮಕ್ಳ ತಾಯಿ ನೀವು. ಏನು ಮಾಡಬೇಕು ಬಾಗಲಾಗಿಂದ ಹೇಳ್ರಿ, ನಾ ಮಾಡ್ತೀನಿ.” ಮಾಸ್ಕುಗಳು ಆಗ ತಿಂಗಳಿಗೆ ಎರಡು. ಅವುಗಳನ್ನು ಅವನು ಎರಡು ಮೊಳೆಗಳಿಗೆ ಬೇರೆ ಬೇರೆ ನೇತುಹಾಕಿ, ದಿನ ಬಿಟ್ಟು ದಿನ ತೊಡುತ್ತಿದ್ದ. ಪಟ್ಟಿಗಳು ಸಡಿಲವಾದರೆ ದೇವಕ್ಕ ಹೊಸದಾಗಿ ಹೊಲಿದುಕೊಡುತ್ತಿದ್ದಳು.

ಡಾಕ್ಟರ್ ನಸ್ರೀನ್ ರಜೆ ಮುಗಿಸಿ ಬಂದು, ಕಲ್ಲಿನ ಮುಂದೆ ನಿಂತು, ನನ್ನ ಎರಡು ಸಾಲುಗಳನ್ನು ಗಟ್ಟಿಯಾಗಿ ಓದಿದರು.

“ಯಾರ್ ಬರದ್ರು ಮಾಸ್ತರ್ ಇದನ್ನ? ಭಾಳ ಚೆಂದ ಬರದಾರ.” ಅಲ್ಲಿಯವರೆಗೆ ನನ್ನನ್ನು ಸಾಹೇಬ್ರು ಎನ್ನುತ್ತಿದ್ದವರು. “ಈಗ ಕೀಳಸ್ರಿ.”

ಟಿಪ್ಪಣಿ ಬರೆದೆ. ಎರಡು ಸಲ ಬರೆದೆ. ಎರಡು ಸಲವೂ ಅಧ್ಯಕ್ಷರು ನೊಂದ ದನಿಯಲ್ಲಿ ಕೇಳಿದ್ದು ಒಂದೇ ಮಾತು: “ನಮ್ಮಪ್ಪನ ಹೆಸರಿನ ಕಲ್ಲ ಕೀಳಸ್ತೀರೇನು ಮಾಸ್ತರ್?” ಡಾಕ್ಟರು ಕೆಲಸವನ್ನೆಲ್ಲ ಬೇವಿನ ಮರದ ಕೆಳಕ್ಕೆ ಒಯ್ದರು. ಆಸ್ಪತ್ರೆಯ ಅಂಗಳದಲ್ಲಿ ಜನ ಕೆಮ್ಮಿ ಉಗುಳುವುದು ನೋಡಲು ಚೆನ್ನಾಗಿಲ್ಲವೆಂದು ಮೇಲಿನಿಂದ ಮಾತು ಬಂತು. ಅದಕ್ಕೂ ಅವರು ಜಗ್ಗಲಿಲ್ಲ. ಮಳೆಗಾಲ ಬಂತು, ಸ್ಟೂಲು ಒಳಗೆ ಹೋಯಿತು.

ಆ ಮಳೆಗಾಲ ಮುಗಿಯುವ ಹೊತ್ತಿಗೆ ಅಂಬಣ್ಣ ಕೆಮ್ಮತೊಡಗಿದ. ಬೇರೆಯವರ ಕೆಮ್ಮನ್ನು ಅಷ್ಟು ವರ್ಷ ಆಲಿಸಿದವನಿಗೆ ತನ್ನದು ಯಾವುದೆಂದು ತಿಳಿಯಲು ಪರೀಕ್ಷೆ ಬೇಕಿರಲಿಲ್ಲ. ತಾನೇ ಡಬ್ಬಿಯಲ್ಲಿ ಕಫ ತಂದು, ಚೀಟಿ ಅಂಟಿಸಿ, ಪ್ರಯೋಗಾಲಯದ ಕಿಟಕಿಯಲ್ಲಿ ಇಟ್ಟ. ಸಾಮಾನ್ಯ ಗುಳಿಗೆಗಳಿಗೆ ಬಗ್ಗದ ಕ್ಷಯವೆಂದು ವರದಿ ಬಂತು. ಅದರ ಹಿಂದಿನ ಚಳಿಗಾಲದಲ್ಲಿ ಅದೇ ಬಗೆಯ ಕ್ಷಯವಿದ್ದ ರಾವೂರಿನ ಮುದುಕನೊಬ್ಬನ ತಲೆಯನ್ನು ಅವನು ಆ ಕೋಣೆಯಲ್ಲಿ ಮೂರು ದಿನ ಹಿಡಿದಿದ್ದ. ರೋಗ ಹತ್ತಿದ್ದು ಅಲ್ಲಿಯೇ ಎಂದು ಡಾಕ್ಟರು ಕಾಗದದ ಮೇಲೆ ಬರೆದೇ ಕೊಟ್ಟರು. ಅಧ್ಯಕ್ಷರು ಓದಿ ಮಡಿಚಿಟ್ಟರು.

“ಕಲ್ಲಿನ ಊರಾಗ ಯಾರಿಗಿ ಕೆಮ್ಮಿಲ್ಲ ಮಾಸ್ತರ್? ಹೊಳಿದಂಡಿ ಮನಷ್ಯಾ ಅವ. ಥಂಡಿ ಹತ್ತಿರ್ತದ.”

ಅವನ ಜಾಗಕ್ಕೆ ರೇಣುಕಮ್ಮ ಎಂಬ ವಿಧವೆಯನ್ನು ತೆಗೆದುಕೊಂಡರು. ನೇಮಕಾತಿ ಪತ್ರ ನಾನೇ ಬರೆದೆ: ‘ಸ್ವಚ್ಛತೆ ಹಾಗೂ ಇತರೆ.’

ದೇವಕ್ಕ ಒಂದು ದಿನ ಕಚೇರಿಗೆ ಬಂದಳು. ಬೈಯಲಿಲ್ಲ, ಅಳಲಿಲ್ಲ. “ಅವ ಮೀಸಿ ತೆಗದ ದಿನ ನಾ ಮನ್ಯಾಗ ಒಲಿ ಹಚ್ಚಿದ್ದಿಲ್ರಿ ಸರ. ಅಪಶಕುನ ಅಂದಿದ್ದೆ. ‘ಹುಚ್ಚಿ, ಮೀಸಿ ಇದ್ರ ಹವಾ ಒಳಗ ಬರ್ತದ’ ಅಂತ ನಕ್ಕಿದ್ದ.” ಸೆರಗನ್ನು ಬಿಗಿಮಾಡಿಕೊಂಡಳು. “ಮೀಸಿಯಷ್ಟು ಸಣ್ಣ ಸಂದಿ ಅವ ಮುಚ್ಚಿದ. ನೀವು ಅಷ್ಟು ದೊಡ್ಡ ಕಿಡಕಿ ಮುಚ್ಚಿದ್ರಿ.”

 

ಅಂಬಣ್ಣ ಕಲಬುರಗಿಯಲ್ಲಿ ತೀರಿಕೊಂಡ. ಅವನನ್ನು ಅಲ್ಲಿಗೆ ಸಾಗಿಸುವ ದಿನ ಬೆಳಿಗ್ಗೆ, ಗಾಡಿ ಬರುವ ತನಕ, ನಮ್ಮಲ್ಲಿ ಬೇರೆ ಹಾಸಿಗೆ ಖಾಲಿಯಿರದ ಕಾರಣ ಅವನನ್ನು ಅದೇ ಕೋಣೆಯಲ್ಲಿ ಮಲಗಿಸಿದ್ದರು. ನಾನು ನೋಡಲು ಹೋದೆ. ಎ.ಸಿ. ಆರಿಸಿತ್ತು, ಅದರ ಥಂಡಿಗೆ ಕೆಮ್ಮು ಕೆರಳುತ್ತಿತ್ತಂತೆ. ಮೂಗಿಗೆ ಆಮ್ಲಜನಕದ ನಳಿಕೆ. ಹುಟ್ಟು ಹಾಕಿದ ಆ ಉದ್ದನೆಯ ತೋಳುಗಳು ಹೊದಿಕೆಯ ಮೇಲೆ ಹೊರಗೆ ಬಿದ್ದಿದ್ದವು. ಅವನ ತಲೆಯ ಹಿಂದೆ, ಕಿಟಕಿಯಿರಬೇಕಾದ ಜಾಗದಲ್ಲಿ, ನನ್ನ ಎರಡು ಸಾಲುಗಳು ಹೊಳೆಯುತ್ತಿದ್ದವು.

ಬಾಗಿಲು ತೆರೆದು ಹೊಸ್ತಿಲಲ್ಲಿ ನಿಂತೆ. ಹೇಗಿದ್ದೀ ಎಂದು ಕೇಳಿದೆ. ಅವನು ನನ್ನ ಮುಖ ನೋಡಲಿಲ್ಲ. ಛಾವಣಿಯ ಕಡೆ ನೋಡುತ್ತಿದ್ದ. ನಾನೂ ನೋಡಿದೆ. ಕೊಕ್ಕೆಗೆ ಕಟ್ಟಿದ್ದ ಅರಳೆಯ ಎಳೆ ಅಲ್ಲಿಯೇ ಇತ್ತು. ಬಾಗಿಲು ತೆರೆದ ಕೂಡಲೇ ಅದು ಮೆಲ್ಲಗೆ ಮೈಮುರಿದು, ಅವನ ಹಾಸಿಗೆಯ ಕಡೆಯಿಂದ ಬಾಗಿಲಿನತ್ತ ಬಾಗತೊಡಗಿತ್ತು.

“ಸರ,” ಎಂದ. ಪ್ರತಿ ಮಾತಿಗೂ ಉಸಿರನ್ನು ಎಲ್ಲಿಂದಲೋ ತರಬೇಕಾಗಿತ್ತು. “ಅಲ್ಲಿ ನಿಂದ್ರಬ್ಯಾಡ್ರಿ.”

ನನಗೆ ಅರ್ಥವಾಗಲಿಲ್ಲ. ಸಿಟ್ಟೆಂದು ಭಾವಿಸಿದೆ, ಸಿಟ್ಟಾಗಿದ್ದರೆ ಎಷ್ಟೋ ಚೆನ್ನಾಗಿತ್ತು.

ಅವನು ಒಂದು ಕೈಯನ್ನು ಹೊದಿಕೆಯಿಂದ ಎತ್ತಿ, ಹೊಸ ನರ್ಸುಗಳಿಗೆ ತೋರಿಸುತ್ತಿದ್ದ ರೀತಿಯಲ್ಲಿಯೇ, ನನ್ನನ್ನು ಬದಿಗೆ ಸರಿಸಿದ.

“ಹವಾ ನನ್ನ ಕಡಿಂದ ನಿಮ್ಮ ಕಡಿ ಬರ್ಲಿಕತ್ತದ. ಅದಕ್ಕರ ಬ್ಯಾರೆ ದಾರಿ ಎಲ್ಲದರಿ? ಬಾಜೂಕ ಸರೀರಿ.”

ನಾನು ಸರಿದು ನಿಂತೆ. ಸರಿಯಲು ನನಗೆ ಪಡಸಾಲೆಯಿತ್ತು.